ವೆನಿಂಗಳ ಆರು ಬೋನಸ್ಸು

ಗೋದಾಮಿನ ಲೆಕ್ಕದಲ್ಲಿ ನಾಲ್ಕು ನಟ್ಟು ಕಡಿಮೆ ಬಂದರೆ ಗುನಾರ್ತೊ ಊಟ ಬಿಟ್ಟು ಹುಡುಕುವವನು. ಜಾವಾದ ಚಿಕಾರಾಂಗಿನ ಕಾರ್ಖಾನೆಗಳ ಸಾಲಿನಲ್ಲಿ ಬೈಕಿನ ಬಿಡಿಭಾಗ ಮಾಡುವ ಕಂಪನಿಯೊಂದಿದೆ. ಅಲ್ಲಿ ದಾಸ್ತಾನು ಎಣಿಸುವುದು ಅವನ ಕೆಲಸ. ಹನ್ನೊಂದು ವರ್ಷದಲ್ಲಿ ಅವನ ಕಪಾಟಿನಿಂದ ಒಂದು ವಾಷರ್ ಸಹ ತಪ್ಪಿಸಿಕೊಂಡು ಹೋಗಿಲ್ಲವೆಂದು ಮೇಲಿನವರೂ ಒಪ್ಪುತ್ತಾರೆ. ಇಂಥ ಮನುಷ್ಯ ತನ್ನ ಮನೆಸಾಲದ ಪಾಸ್‌ಬುಕ್ಕನ್ನು ಆರು ವರ್ಷ ತೆರೆದು ನೋಡಿರಲಿಲ್ಲ. ಅದಕ್ಕೂ ಅವನ ಬಳಿ ಒಂದು ಕಾರಣವಿತ್ತು: ದುಡ್ಡು ಕಣ್ಣಿಗೆ ಬಿದ್ದರೆ ಕೈ ತುರಿಸುತ್ತದೆ. ಆ ಪುಸ್ತಕ, ಸರ್ಕಾರ ಕೊಟ್ಟ ಮದುವೆಯ ಪುಸ್ತಕದ ಜೊತೆ ಒಂದೇ ಪ್ಲಾಸ್ಟಿಕ್ ಚೀಲದಲ್ಲಿ, ಬೀರುವಿನೊಳಗೆ, ಹೆಂಡತಿ ವೆನಿಂಗಳ ಒಳ್ಳೆಯ ಬಟ್ಟೆಗಳ ಕೆಳಗೆ ಭದ್ರವಾಗಿತ್ತು. ಮದುವೆಯ ಪುಸ್ತಕವನ್ನೂ ಅವನು ಓದಿರಲಿಲ್ಲ. ಎರಡೂ ತಮ್ಮ ಪಾಡಿಗೆ ನಡೆದುಕೊಂಡು ಹೋಗುತ್ತಿವೆ ಎಂದು ತಿಳಿದಿದ್ದ.

ರಂಜಾನಿನ ಹತ್ತನೆಯ ದಿನ, ಮಧ್ಯಾಹ್ನ, ಉಪವಾಸದ ಹೊಟ್ಟೆಯಲ್ಲಿ ಎಲ್ಲರೂ ಗೋಡೆಗೊರಗಿ ಕೂತಿದ್ದ ಹೊತ್ತಿಗೆ ಬ್ಯಾಂಕಿನಿಂದ ಫೋನು ಬಂತು. ಹುಡುಗಿಯ ದನಿ ಶರಬತ್ತಿನ ಹಾಗಿತ್ತು; ಮಾತಿಗೊಂದು ಸಲ 'ಪಾಕ್' ಎಂಬ ಮರ್ಯಾದೆಯ ಸಂಬೋಧನೆ.

"ಪಾಕ್ ಗುನಾರ್ತೊ ಅವರಾ? ಉಪವಾಸ ಚೆನ್ನಾಗಿ ನಡೀತಿದೆಯಾ ಪಾಕ್?"

"ನಡೀತಿದೆ. ಹೇಳಿ."

"ನಿಮ್ಮ ಮನೆಸಾಲದ ಕಂತು ಈ ತಿಂಗಳು ಪೂರ್ತಿ ಬಂದಿಲ್ಲ ಪಾಕ್. ಎಂಟು ಲಕ್ಷ ತೊಂಬತ್ತು ಸಾವಿರ ಕಡಿಮೆ ಇದೆ."

ಒಂದು ತಟ್ಟೆ ಅನ್ನ, ಸೋಯಾಕಾಳು ಹುದುಗಿಸಿ ಮಾಡಿದ ಟೆಂಪೆಗೆ ಹದಿನೈದು ಸಾವಿರ ರುಪಿಯಾ ಕೊಡುವ ನಾಡು ಇದು. ಇಲ್ಲಿ ಎಲ್ಲರೂ ಲಕ್ಷಾಧಿಪತಿಗಳೇ; ಕೋಟಿ ಎಂಬ ಮಾತು ಬರುವುದು ಮಾತ್ರ ಸಾಲ ಮಾಡುವಾಗ. ಆದರೂ ಎಂಟು ಲಕ್ಷ ತೊಂಬತ್ತು ಸಾವಿರವೆಂದರೆ ಅವನ ಐದು ದಿನದ ದುಡಿಮೆ.

"ಬೇರೆ ಯಾರಿಗೋ ಮಾಡೋ ಫೋನನ್ನ ನಂಗೆ ಮಾಡಿದೀರಿ," ಎಂದು ಗುನಾರ್ತೊ ನಕ್ಕ. "ನಾನು ಹಿಂದೆ ಬಿದ್ದಿಲ್ಲ, ಮುಂದಿದೀನಿ."

"ಎಷ್ಟು ಮುಂದೆ ಪಾಕ್?"

"ಆರು ಬೋನಸ್ಸು."

ಆ ಕಡೆ ಕೀಲಿಮಣೆ ಒತ್ತುವ ಸದ್ದು ಬಂತು. ಆಮೇಲೆ ಆ ಶರಬತ್ತಿಗೆ ಸ್ವಲ್ಪ ನೀರು ಬೆರೆತಂತೆ ದನಿ ಕೇಳಿಸಿತು. "ಒಂದ್ಸಲ ಶಾಖೆಗೆ ಬನ್ನಿ ಪಾಕ್. ತಡ ಮಾಡಿದ್ರೆ ದಿನದ ಲೆಕ್ಕದಲ್ಲಿ ದಂಡ ಬೀಳುತ್ತೆ."

ಆ ಆರು ಬೋನಸ್ಸು ಗುನಾರ್ತೊನವಲ್ಲ, ವೆನಿಂಗಳವು. ಅವಳು ಕಾರಿನ ವೈರುಗಳನ್ನು ಜೋಡಿಸುವ ಕಾರ್ಖಾನೆಯಲ್ಲಿ ನಿಂತು ಕೆಲಸ ಮಾಡುತ್ತಾಳೆ. ಈದ್ ಹಬ್ಬಕ್ಕೆ ಮುಂಚೆ ಎಲ್ಲ ಕಾರ್ಖಾನೆಗಳೂ ಒಂದು ತಿಂಗಳ ಸಂಬಳವನ್ನು ಬೋನಸ್ಸಾಗಿ ಕೊಡುತ್ತವೆ. ಗುನಾರ್ತೊನ ಬೋನಸ್ಸು ಊರಿನಲ್ಲಿದ್ದ ಅಪ್ಪನ ಸೂರು, ತಮ್ಮನ ಶಾಲೆ, ನಾದಿನಿಯ ಹೆರಿಗೆ ಎಂದು ಬರುವ ಮುಂಚೆಯೇ ಹಂಚಿಹೋಗಿರುತ್ತಿತ್ತು. ವೆನಿಂಗಳದು ಇಡಿಯಾಗಿ ಸಾಲದ ಖಾತೆಗೆ. ಹಾಗಾಗಿ ಬಸ್ಸಿನ ಚಾರ್ಜಿಗೆ, ಹೊಸ ಬಟ್ಟೆಗೆ, ಊರಿನ ಮಕ್ಕಳ ಕೈಗಿಡುವ ನೋಟಿಗೆ ದುಡ್ಡಿರುತ್ತಿರಲಿಲ್ಲ. ಆರು ಹಬ್ಬ ಅವರು ಊರಿಗೆ ಹೋಗಲಿಲ್ಲ. ನಡುವೆ ಎರಡು ವರ್ಷ ಸೋಂಕಿನ ಕಾಲದಲ್ಲಿ ಸರ್ಕಾರವೇ ಯಾರನ್ನೂ ಬಿಟ್ಟಿರಲಿಲ್ಲವಾದ್ದರಿಂದ ಆ ಎರಡು ವರ್ಷ ಗುನಾರ್ತೊಗೆ ಒಳಗೊಳಗೇ ಸಮಾಧಾನ. ವೆನಿಂಗ್ ತಂಗಿಯ ಮದುವೆಯನ್ನು ಫೋನಿನಲ್ಲಿ ನೋಡಿದ್ದಳು. ಮದುಮಗಳ ಮುಖ ಬರುವ ಹೊತ್ತಿಗೆ ಡೇಟಾ ಮುಗಿದಿತ್ತು.

ಈ ಸಲ ಏಳನೆಯ ಹಬ್ಬ. ವೆನಿಂಗಳ ಬಲಗೈಯ ಹೆಬ್ಬೆರಳು ಮತ್ತು ಪಕ್ಕದ ಎರಡು ಬೆರಳು ಒಂದು ವರ್ಷದಿಂದ ಜೋಮು ಹಿಡಿದಿದ್ದವು. ದಿನಕ್ಕೆ ಸಾವಿರಾರು ಸಲ ವೈರಿನ ತುದಿಯನ್ನು ಪ್ಲಗ್ಗಿಗೆ ಒತ್ತಿದ ಫಲ. ಅವಳು ರಾಜೀನಾಮೆ ಬರೆದಿಟ್ಟಿದ್ದಳು. ಬೋನಸ್ಸು ಕೈಗೆ ಬಂದ ಮಾರನೆಯ ದಿನ ಕೆಲಸ ಬಿಡುವುದು ಇಲ್ಲಿನ ಕಾರ್ಖಾನೆಯವರ ಹಳೆಯ ಪದ್ಧತಿ. ಅವಳದೂ ಹಾಗೇ ನಡೆಯಬೇಕಿತ್ತು. ಆಮೇಲೆ ಮುಂದಿನ ಕೋಣೆಯಲ್ಲಿ ಹೊಲಿಗೆ, ಐದು ವರ್ಷದ ಮಗಳು ಲಾರಸ್ ಎದುರಿಗೆ. ಲೆಕ್ಕ ಹಾಕಿಕೊಟ್ಟವನು ಗುನಾರ್ತೊನೇ. ಕ್ಯಾಲೆಂಡರಿನ ಬೆನ್ನ ಮೇಲೆ ಬರೆದಿದ್ದ: ಸಾಲ ಮೂವತ್ತು ಕೋಟಿ, ಇಪ್ಪತ್ತು ವರ್ಷ, ವರ್ಷಕ್ಕೆ ಒಂದೂವರೆ ಕೋಟಿಯಂತೆ ಆರು ವರ್ಷಕ್ಕೆ ಒಂಬತ್ತು ಕೋಟಿ ಇಳಿಯಿತು, ಬೋನಸ್ಸಿನಿಂದ ಇನ್ನೂ ಮೂರು, ಉಳಿದದ್ದು ಹದಿನೆಂಟು. ತಿಂಗಳಿಗೆ ಇಪ್ಪತ್ತೈದು ಲಕ್ಷದ ಕಂತನ್ನು ತನ್ನ ಐವತ್ತಮೂರು ಲಕ್ಷದ ಸಂಬಳದಲ್ಲಿ ಕಟ್ಟಿ, ಉಳಿದದ್ದರಲ್ಲಿ ಬದುಕಬಹುದು. ಬಡ್ಡಿ ಎಂಬ ಪದ ಆ ಲೆಕ್ಕದಲ್ಲಿ ಎಲ್ಲೂ ಇರಲಿಲ್ಲ. ನಟ್ಟು ಎಣಿಸುವವನಿಗೆ ಬಡ್ಡಿ ಹಾಕುವ ನಟ್ಟು ಯಾವತ್ತೂ ಸಿಕ್ಕಿರಲಿಲ್ಲ.

ಈ ಸಾಲ ಕೊಡಿಸಿದವನು ಪುರ್ವಾದಿ. ಗುನಾರ್ತೊನ ಊರು ವೊನೊಗಿರಿ; ಪುರ್ವಾದಿ ಅದೇ ಕೇರಿಯವನು, ಐದು ವರ್ಷ ದೊಡ್ಡವನು, ಹಾಗಾಗಿ ಗಂಡಹೆಂಡಿರಿಬ್ಬರಿಗೂ 'ಮಾಸ್', ಎಂದರೆ ಅಣ್ಣ. ಸೈಕಲ್ ಕಲಿಸಿದವನು ಅವನೇ, ಚಿಕಾರಾಂಗಿಗೆ ಕರೆತಂದು ಮೊದಲ ಕೆಲಸಕ್ಕೆ ಸೇರಿಸಿದವನೂ ಅವನೇ. ಆಮೇಲೆ ಟೈ ಕಟ್ಟಿ ಬ್ಯಾಂಕಿನ ಸಾಲ ಮಾರುವವನಾದ. ಇಷ್ಟು ಮಾಡಿದವನ ಎದುರು ಪ್ರಶ್ನೆ ಕೇಳುವುದು ಜಾವಾದ ಮನೆಗಳಲ್ಲಿ ಬೆಳೆದವರಿಗೆ ಆಗುವ ಕೆಲಸವಲ್ಲ. ನಾಲಿಗೆ ತಾನಾಗಿ ಮಡಚಿಕೊಳ್ಳುತ್ತದೆ.

ಸಹಿ ಹಾಕುವ ದಿನ ಒಂಬತ್ತು ಜೋಡಿ ಗಂಡಹೆಂಡಿರು ಒಂದೇ ಕೋಣೆಯಲ್ಲಿ ಕೂತಿದ್ದರು. ನೋಟರಿ ನಲವತ್ತು ಪುಟಗಳನ್ನು ಒಂದೇ ಉಸಿರಿಗೆ ಓದಿ, "ಅರ್ಥ ಆಯ್ತಲ್ಲ?" ಎಂದ. ಎಲ್ಲರೂ ಹ್ಞೂಂ ಎಂದರು. ಇಲ್ಲಿನವರ ಹ್ಞೂಂ ಒಪ್ಪಿಗೆಯಲ್ಲ, ಕಿವಿಗೆ ಬಿತ್ತು ಎಂಬುದಕ್ಕೆ ರಶೀದಿ. ಗುನಾರ್ತೊ ಹದಿನೇಳನೆಯ ಪುಟವನ್ನು ಎತ್ತಿ ಓದಲು ಹೊರಟಾಗ ಪುರ್ವಾದಿ ಹೆಗಲ ಮೇಲೆ ಕೈಯಿಟ್ಟು, "ಏನು ಗುನ್, ನನ್ನ ಮೇಲೂ ನಂಬಿಕೆ ಇಲ್ವಾ?" ಎಂದ. ಗುನಾರ್ತೊ ಕಳ್ಳತನದಲ್ಲಿ ಸಿಕ್ಕಿಬಿದ್ದವನ ಹಾಗೆ ಪುಟವನ್ನು ಕೆಳಗಿಟ್ಟ.

ಕಂತಿನ ಪಟ್ಟಿ ಎಂದು ಕೈಗೆ ಕೊಟ್ಟ ಹಾಳೆಯಲ್ಲಿ ಮೂರು ವರ್ಷದ್ದು ಮಾತ್ರ ಇತ್ತು: ತಿಂಗಳಿಗೆ ಇಪ್ಪತ್ತನಾಲ್ಕು ಲಕ್ಷ ಹದಿನೇಳು ಸಾವಿರ. ವೆನಿಂಗ್ ಹಾಳೆ ತಿರುಗಿಸಿ ಹಿಂದೆ ನೋಡಿದಳು. ಹಿಂದೆ ಬಿಳಿ.

"ಆಮೇಲೆ ಎಷ್ಟು ಮಾಸ್ ಪುರ್ವಾದಿ?" ಎಂದು ಕೇಳಿದಳು.

ಗುನಾರ್ತೊ ಮೇಜಿನ ಕೆಳಗೆ ಅವಳ ಕಾಲು ತುಳಿದ.

"ಆಮೇಲೆ ಮಾರುಕಟ್ಟೆ ದರ. ಸ್ವಲ್ಪ ಹೆಚ್ಚು ಕಡಿಮೆ," ಎಂದ ಪುರ್ವಾದಿ. "ಅಷ್ಟೊತ್ತಿಗೆ ನಿಮ್ಮ ಸಂಬಳಾನೂ ಏರಿರುತ್ತೆ ಬಿಡಿ. ಒಂದು ಗುಟ್ಟು ಹೇಳ್ತೀನಿ ಕೇಳಿ. ಹಬ್ಬದ ಬೋನಸ್ಸನ್ನ ಇದೇ ಖಾತೆಗೆ ಹಾಕ್ತಾ ಹೋಗಿ. ಅಸಲು ತಾನಾಗೇ ಇಳಿಯುತ್ತೆ. ಹತ್ತು ವರ್ಷಕ್ಕೆ ಮನೆ ನಿಮ್ಮದು."

ಹೊಸ ಮನೆಗೆ ಹೋದ ದಿನ ಹಳದಿ ಅನ್ನವನ್ನು ಗೋಪುರ ಕಟ್ಟಿ, ಪ್ರಾರ್ಥನೆ ಮಾಡಿಸಿ, ಗೋಪುರದ ತುದಿಯನ್ನು ಕತ್ತರಿಸಿ ಪುರ್ವಾದಿಯ ತಟ್ಟೆಗೆ ಹಾಕಿದರು. ಅದು ಮನೆಗೆ ದೊಡ್ಡವನಾದವನಿಗೆ ಸಲ್ಲುವ ತುತ್ತು. ಅವನು ಕೋಳಿಯ ತೊಡೆಯನ್ನೂ ಕೇಳಿ ಹಾಕಿಸಿಕೊಂಡ.

ಬ್ಯಾಂಕಿನ ಫೋನು ಬಂದ ಮಾರನೆಯ ದಿನ ಗುನಾರ್ತೊ ಅರ್ಧ ದಿನ ರಜೆ ಹಾಕಿ ಶಾಖೆಗೆ ಹೋದ. ಮೇಜಿನ ಹಿಂದಿದ್ದವಳು ಫೋನಿನಲ್ಲಿ ಮಾತಾಡಿದ ಹುಡುಗಿಯೇ. ಅವಳು ಹಾಳೆಗಳನ್ನು ಅಚ್ಚು ಹಾಕಿ ತಂದು, ಪೆನ್ನಿನ ತುದಿಯಿಂದ ತೋರಿಸುತ್ತ ಹೋದಳು.

"ಏಳೂವರೆ ಪರ್ಸೆಂಟ್ ಇದ್ದದ್ದು ಮೊದಲ ಮೂರು ವರ್ಷ ಪಾಕ್. ಆಮೇಲೆ ಹದಿಮೂರು. ಕಂತು ಮೂವತ್ಮೂರು ಲಕ್ಷ ತೊಂಬತ್ತು ಸಾವಿರ."

"ಯಾವಾಗಿಂದ?"

"ಮೂರು ವರ್ಷ ಆಯ್ತು."

"ನಾನು ತಿಂಗಳಿಗೆ ಇಪ್ಪತ್ತೈದೇ ಹಾಕ್ತಿದ್ದೆನಲ್ಲ. ಯಾರೂ ಕೇಳಲೇ ಇಲ್ಲ."

"ಖಾತೇಲಿ ದುಡ್ಡಿತ್ತಲ್ಲ ಪಾಕ್. ಕಡಿಮೆ ಬಿದ್ದದ್ದನ್ನ ಕಂಪ್ಯೂಟರು ಅದರಿಂದಾನೇ ಎಳ್ಕೊಳ್ತಿತ್ತು. ಈ ತಿಂಗಳು ಎಳಿಯೋಕೆ ಏನೂ ಉಳಿದಿರ್ಲಿಲ್ಲ."

ಗುನಾರ್ತೊಗೆ ದಾಸ್ತಾನಿನ ಭಾಷೆಯಲ್ಲಾದರೆ ಬೇಗ ತಿಳಿಯುತ್ತದೆ. ಮೊದಲ ಮೂರು ವರ್ಷ ವೆನಿಂಗಳ ಬೋನಸ್ಸುಗಳು ಖಾತೆಯಲ್ಲಿ ಸುಮ್ಮನೆ ಬಿದ್ದಿದ್ದವು. ಅಸಲಿನ ಒಂದು ಕಾಳನ್ನೂ ಮುಟ್ಟಿರಲಿಲ್ಲ. ಮುಂದಿನ ಮೂರು ವರ್ಷ, ಏರಿದ ಕಂತು ಅವನ್ನು ತಿಂಗಳಿಗೆ ಒಂಬತ್ತು ಲಕ್ಷದ ಹಾಗೆ ಒಳಗಿನಿಂದ ತಿಂದಿತು. ಹೊರಗಿನಿಂದ ಚೀಲ ಹಾಗೇ ಕಂಡಿತು, ಏಕೆಂದರೆ ಅವನು ಚೀಲವನ್ನು ನೋಡಿರಲೇ ಇಲ್ಲ.

"ಅಸಲಿಗೇ ಹಾಕಿ ಅಂತ ಕೊಟ್ಟ ದುಡ್ಡು ಅದು."

"ಅಸಲಿಗೆ ಹಾಕ್ಬೇಕಾದ್ರೆ ಇಲ್ಲಿಗೆ ಬಂದು ಅರ್ಜಿ ಕೊಡ್ಬೇಕು ಪಾಕ್. ಒಂದ್ಸಲಕ್ಕೆ ಆರು ಕಂತಿನಷ್ಟಾದ್ರೂ ಇರ್ಬೇಕು. ಅದರ ಮೇಲೆ ನೂರಕ್ಕೆರಡು ದಂಡ."

"ಸಾಲ ತೀರಿಸಿದ್ದಕ್ಕೆ ದಂಡಾನಾ?"

"ಬೇಗ ತೀರಿಸಿದ್ದಕ್ಕೆ."

ಅವನು ಹಾಳೆಗಳನ್ನು ತನ್ನ ಕಡೆಗೆ ತಿರುಗಿಸಿಕೊಂಡು ಸಾಲು ಸಾಲಾಗಿ ಓದತೊಡಗಿದ. ಮೊದಲ ತಿಂಗಳು ಕಟ್ಟಿದ ಇಪ್ಪತ್ತನಾಲ್ಕು ಲಕ್ಷದಲ್ಲಿ ಹದಿನೆಂಟೂ ಮುಕ್ಕಾಲು ಬಡ್ಡಿ, ಐದೂವರೆಗಿಂತ ಕಡಿಮೆ ಅಸಲು. ದರ ಏರಿದ ತಿಂಗಳು ಕಂತು ಮೂವತ್ನಾಲ್ಕಕ್ಕೆ ಬಂದಾಗ ಬಡ್ಡಿ ಮೂವತ್ತು, ಅಸಲಿಗೆ ಹೋದದ್ದು ಮೂರೂ ಮುಕ್ಕಾಲು. ಹತ್ತು ಲಕ್ಷ ಹೆಚ್ಚು ಕೊಟ್ಟ ತಿಂಗಳು ಸಾಲ ಮೊದಲಿಗಿಂತ ಕಡಿಮೆ ಇಳಿದಿತ್ತು. ಆರು ವರ್ಷದಲ್ಲಿ ಕಟ್ಟಿದ್ದು ಇಪ್ಪತ್ತು ಕೋಟಿ ತೊಂಬತ್ತು ಲಕ್ಷ. ಮೂವತ್ತು ಕೋಟಿಯ ಸಾಲ ಇಳಿದು ನಿಂತದ್ದು ಇಪ್ಪತ್ತಾರು ಕೋಟಿ ಹದಿನೇಳು ಲಕ್ಷಕ್ಕೆ.

"ಹೀಗೇ ಹೋದ್ರೆ ಕೊನೆಗೆ ಒಟ್ಟು ಎಷ್ಟಾಗುತ್ತೆ?"

ಹುಡುಗಿ ಕ್ಯಾಲ್ಕುಲೇಟರಿನಲ್ಲಿ ಒತ್ತಿದಳು. ಬಾಯಲ್ಲಿ ಹೇಳಲು ನಾಚಿಕೆಯೋ ಏನೋ, ಅದನ್ನೇ ಅವನ ಕಡೆಗೆ ತಿರುಗಿಸಿದಳು. ಎಪ್ಪತ್ತೆಂಟು ಕೋಟಿಗೆ ಸ್ವಲ್ಪ ಕಡಿಮೆ.

"ದರ ಇಳಿಸಿ ಅಂತ ಕೇಳ್ಬಹುದು ಪಾಕ್," ಎಂದಳು ಮೆಲ್ಲಗೆ. "ಗೊತ್ತಿರೋರು ವರ್ಷಾವರ್ಷ ಬಂದು ಅರ್ಜಿ ಕೊಡ್ತಾರೆ. ಒಂದೆರಡು ಪರ್ಸೆಂಟ್ ಇಳಿಸ್ತಾರೆ."

"ನಂಗ್ಯಾಕೆ ಇಳಿಸಲಿಲ್ಲ?"

"ನೀವು ಕೇಳ್ಲಿಲ್ವಲ್ಲ. ಕಾಗದ ಕಳಿಸಿದ್ದೆವು ಪಾಕ್, ದರ ಬದಲಾದಾಗಿಂದ ಆರು ಸಲ. ಗುರುತಿನ ಚೀಟೀಲಿರೋ ವಿಳಾಸಕ್ಕೆ."

ಗುರುತಿನ ಚೀಟಿಯ ವಿಳಾಸ ವೊನೊಗಿರಿಯದು. ಅದನ್ನು ಬದಲಾಯಿಸಲು ಊರಿಗೆ ಹೋಗಿ ಪತ್ರ ತರಬೇಕೆಂದು ಅವನು ಬಿಟ್ಟುಬಿಟ್ಟಿದ್ದ. ಹೊರಗೆ ಬೈಕಿನ ಪಕ್ಕ ನಿಂತು ಅಪ್ಪನಿಗೆ ಫೋನು ಮಾಡಿದ.

"ಹೂಂ ಲೇ, ಬರ್ತಾ ಇರ್ತಾವೆ," ಎಂದ ಅಪ್ಪ. "ಒಳ್ಳೆ ದಪ್ಪ ಕಾಗದ. ನಿನ್ನ ಹೆಸರು ಎಷ್ಟು ಚೆಂದ ಅಚ್ಚಾಗಿದೆ ಅಂತೀಯ. ಗಾಜಿನ ಕಪಾಟಲ್ಲಿ ಬಂದೋರಿಗೆ ಕಾಣೋ ಹಾಗೆ ಇಟ್ಟಿದೀನಿ."

"ಒಡೆದು ಓದ್ಲಿಲ್ವಾ ಬಪಾಕ್?"

"ಇನ್ನೊಬ್ಬರ ಕಾಗದ ಒಡೀತಾರಾ? ನಿಂಗೆ ಹೇಳಿದ್ದೆ. 'ಇರ್ಲಿ ಬಿಡಿ, ಹಬ್ಬಕ್ಕೆ ಬಂದಾಗ ನೋಡ್ತೀನಿ' ಅಂದಿದ್ದೆ ನೀನು. ಈ ಸಲನಾದ್ರೂ ಬರ್ತೀಯಾ?"

ಸಾಲ ಬೇಗ ತೀರಲೆಂದು ಊರಿಗೆ ಹೋಗದೆ ಉಳಿದ. ಸಾಲ ತೀರುತ್ತಿಲ್ಲವೆಂಬ ಸುದ್ದಿ ಊರಿನ ಗಾಜಿನ ಕಪಾಟಿನಲ್ಲಿ ಕಾಯುತ್ತ ಕೂತಿತ್ತು. ಇದನ್ನು ಇನ್ನೊಬ್ಬರ ಕಥೆಯಾಗಿ ಕೇಳಿದ್ದರೆ ಗುನಾರ್ತೊ ಹೊಟ್ಟೆ ಹಿಡಿದು ನಕ್ಕು, ಕ್ಯಾಂಟೀನಿನಲ್ಲಿ ನಾಲ್ಕು ಜನಕ್ಕೆ ಹೇಳುತ್ತಿದ್ದ.

ಪುರ್ವಾದಿ ಈಗ ಬೇರೆ ಬ್ಯಾಂಕಿನವನು. ಮಾಲಿನ ನೆಲಮಹಡಿಯಲ್ಲಿ ಮನೆಗಳ ಮೇಳ ನಡೆದಿತ್ತು. ರಟ್ಟಿನ ಪುಟ್ಟ ಮನೆಗಳ ನಡುವೆ ಅವನು ಬೇರೊಂದು ಬಣ್ಣದ ಟೈ ಕಟ್ಟಿ ನಿಂತಿದ್ದ. ಉಪವಾಸ ಬಿಡುವ ಹೊತ್ತಾಗಿತ್ತು. ಗುನಾರ್ತೊನನ್ನು ಕಂಡವನೇ ಕೈಹಿಡಿದು ಕೂರಿಸಿ, ಬಾಳೆಹಣ್ಣನ್ನು ಬೆಲ್ಲ, ತೆಂಗಿನ ಹಾಲಿನಲ್ಲಿ ಬೇಯಿಸಿದ ಸಿಹಿಯ ಎರಡು ಬಟ್ಟಲು ತರಿಸಿದ.

"ದಪ್ಪ ಆಗಿದೀಯ ಗುನ್. ಸ್ವಂತ ಮನೆ ಮಾಡ್ದೋರೆಲ್ಲ ದಪ್ಪ ಆಗ್ತಾರೆ ನೋಡು."

"ದರ ಹದಿಮೂರಾಗುತ್ತೆ ಅಂತ ನಿಮಗೆ ಗೊತ್ತಿತ್ತಾ ಮಾಸ್?"

ಪುರ್ವಾದಿ ಚಮಚೆಯಲ್ಲಿ ಬಾಳೆಹಣ್ಣು ಹುಡುಕಿದ. "ಹದಿಮೂರೇ ಅಂತ ಗೊತ್ತಿರ್ಲಿಲ್ಲ. ಏರುತ್ತೆ ಅಂತ ಗೊತ್ತಿತ್ತು. ಹೇಳಿದ್ನಲ್ಲ."

"ಹೆಚ್ಚು ಕಡಿಮೆ ಅಂದಿದ್ರಿ."

"ಹೆಚ್ಚಾಯ್ತು."

"ಬೋನಸ್ಸು ಹಾಕಿದ್ರೆ ಅಸಲು ತಾನಾಗೇ ಇಳಿಯುತ್ತೆ ಅಂದಿದ್ರಿ."

"ಅಂದಿದ್ನಾ? ಇರ್ಬಹುದು. ಆಗ ಎಲ್ಲರಿಗೂ ಹಾಗೇ ಅಂತಿದ್ವಿ. ಹೇಳಿದ್ರೆ ಜನಕ್ಕೆ ಧೈರ್ಯ ಬರೋದು."

ಗುನಾರ್ತೊ ಜಗಳವಾಡಲೆಂದೇ ಬಂದಿದ್ದ. ದಾರಿಯುದ್ದಕ್ಕೂ ಹೆಲ್ಮೆಟ್ಟಿನೊಳಗೆ ಮಾತುಗಳನ್ನು ಅಭ್ಯಾಸ ಮಾಡಿದ್ದ. ಎದುರಿಗೆ ಕೂತ ಮೇಲೆ ಅವನ ಬಾಯಿಂದ ಬಂದದ್ದು, ನಾಳೆ ಹವಾ ಹೇಗಿರುತ್ತೆ ಎನ್ನುವಷ್ಟು ಸಾಧುವಾದ ಒಂದು ಪ್ರಶ್ನೆ.

"ನಿಮ್ಮ ಮನೆ ಸಾಲಕ್ಕೆ ಎಷ್ಟು ದರ ಮಾಸ್?"

"ನಾನು ಬಾಡಿಗೆ ಮನೇಲಿದೀನಲ್ಲ ಗುನ್."

"ಇನ್ನೂ?"

"ಮೊದಲಿಂದಾನೂ."

"ಯಾಕೆ?"

ಪುರ್ವಾದಿ ತಲೆಯೆತ್ತಿದ. ಅವನ ಮುಖದಲ್ಲಿ ಕಪಟವೇನೂ ಇರಲಿಲ್ಲ. ಸೈಕಲ್ ಹಿಂದೆ ಓಡಿಬರುತ್ತಿದ್ದ ಅದೇ ಮುಖ. "ನಾನು ಪೂರ್ತಿ ಪಟ್ಟಿ ನೋಡಿದ್ನಲ್ಲ ಗುನ್," ಎಂದ.

ಆಮೇಲೆ ಮೇಜಿನ ಮೇಲಿಂದ ಬಣ್ಣದ ಹಾಳೆಯೊಂದನ್ನು ಅವನ ಕಡೆಗೆ ತಳ್ಳಿದ. "ಬೇಜಾರಾಗ್ಬೇಡ. ಆ ಸಾಲಾನ ಇಲ್ಲಿಗೆ ತಂದ್ಬಿಡು. ನಮ್ಮಲ್ಲಿ ಐದು ಪರ್ಸೆಂಟ್, ಮೂರು ವರ್ಷ."

"ಆಮೇಲೆ?"

ಪುರ್ವಾದಿ ನಕ್ಕ. ಗುನಾರ್ತೊ ಬಟ್ಟಲನ್ನು ಖಾಲಿ ಮಾಡಿದ. ಕೊಟ್ಟದ್ದನ್ನು ಬಿಡುವುದು ಮರ್ಯಾದೆಯಲ್ಲ. ಏಳುವಾಗ ಥ್ಯಾಂಕ್ಸ್ ಕೂಡ ಹೇಳಿದ. ಬಣ್ಣದ ಹಾಳೆಯನ್ನು ಮಡಚಿ ಜೇಬಿಗಿಟ್ಟುಕೊಂಡದ್ದು ಬೈಕು ಹತ್ತಿದ ಮೇಲೆ ಅವನ ಗಮನಕ್ಕೆ ಬಂತು. ಮೋಸ ಹೋಗುವುದಕ್ಕೂ ಒಂದು ಸಂಸ್ಕಾರ ಬೇಕು, ಅದು ತನ್ನಲ್ಲಿ ಧಾರಾಳವಾಗಿದೆ ಎಂದುಕೊಂಡ.

ಗಂಡಹೆಂಡತಿ ಬೇರೆ ಬೇರೆ ಪಾಳಿಯವರು. ಒಬ್ಬರು ಬರುವಾಗ ಇನ್ನೊಬ್ಬರು ಹೊರಡುತ್ತಾರೆ. ಅವಳು ಅವನನ್ನು 'ಮಾಸ್' ಎಂದೂ ಅವನು ಅವಳನ್ನು 'ದೇಕ್' ಎಂದೂ ಕರೆಯುವುದು ಜಾವಾದ ಗಂಡಹೆಂಡಿರ ರೂಢಿ. ಭಾನುವಾರ ಬೆಳಿಗ್ಗೆ ಲಾರಸ್ ಪಕ್ಕದ ಮನೆಗೆ ಆಡಲು ಹೋದಾಗ ಗುನಾರ್ತೊ ಹಾಳೆಗಳನ್ನು ನೆಲದ ಮೇಲೆ ಹರಡಿದ. ವೆನಿಂಗ್ ಎದುರಿಗೆ ಕೂತು, ಜೋಮು ಹಿಡಿದ ಬೆರಳನ್ನೇ ಇಟ್ಟು ಒಂದೊಂದು ಸಾಲನ್ನೂ ಓದಿದಳು. ಎಪ್ಪತ್ತೆರಡು ಸಾಲು. ಅವನು ನಡುವೆ ವಿವರಿಸಲು ಹೋದಾಗಲೆಲ್ಲ ಅವಳು ಎಡಗೈ ಎತ್ತಿ ತಡೆದಳು.

"ನನ್ನ ಬೋನಸ್ಸು ಯಾವ ಸಾಲಲ್ಲಿದೆ ಮಾಸ್?"

"ಯಾವುದ್ರಲ್ಲೂ ಇಲ್ಲ ದೇಕ್. ಕಂತಿನ ಒಳಗೆ ಹೋಗಿದೆ."

"ಆರೂ?"

"ಆರೂ."

ಅವಳು ಹಾಳೆಗಳ ಅಂಚನ್ನು ಸಮ ಮಾಡಿ ಜೋಡಿಸಿದಳು.

"ಪುರ್ವಾದಿ ಮೋಸ ಮಾಡ್ಬಿಟ್ಟ," ಎಂದ ಗುನಾರ್ತೊ.

"ಅವನು ನಿಂಗೆ ಮಾಡ್ದ. ನಂಗೆ ಮಾಡಿದ್ದು ನೀನು." ಅವಳ ದನಿ ಏರಲಿಲ್ಲ. "ಅವತ್ತೇ ಕೇಳಿದ್ದೆ, ಆಮೇಲೆ ಎಷ್ಟು ಅಂತ. ನನ್ನ ಕಾಲು ತುಳಿದೆ ನೀನು. ಕಾರ್ಖಾನೇಲಿ ಯಾರದ್ದೋ ನಟ್ಟು ಕಳೆದ್ರೆ ಮನೆಗೇ ಬರಲ್ಲ. ನನ್ನ ಆರು ತಿಂಗಳ ಸಂಬಳ ಎಲ್ಲಿದೆ ಅಂತ ಒಂದ್ಸಲ ಚೀಲ ಬಿಚ್ಚಿ ನೋಡೋಕಾಗ್ಲಿಲ್ಲ."

ಗುನಾರ್ತೊಗೆ ತೋಚಿದ್ದು ತಮಾಷೆ ಒಂದೇ. "ಹಾಗಂತ ಏನೂ ಆಗಿಲ್ಲ ಅಂತಲ್ಲ ದೇಕ್. ಲೆಕ್ಕ ಹಾಕ್ದೆ. ಮೊದಲು ಕೊಟ್ಟ ಮುಂಗಡಾನೂ ಸೇರಿಸಿದ್ರೆ ಐದನೇ ಒಂದು ಪಾಲು ನಮ್ಮದೇ. ಅಡುಗೆಮನೆ, ಬಚ್ಚಲು, ಮತ್ತೆ ಬಾಗಿಲಲ್ಲಿ ಚಪ್ಪಲಿ ಬಿಡೋವಷ್ಟು."

"ಹೊಲಿಗೆ ಮಷಿನ್ನು ಬಚ್ಚಲಲ್ಲಿ ಇಟ್ಕೊಳ್ಲಾ?"

ಮೂವತ್ನಾಲ್ಕು ಲಕ್ಷದ ಕಂತನ್ನು ಕೊಟ್ಟು, ಉಳಿದ ಹತ್ತೊಂಬತ್ತರಲ್ಲಿ ಮೂರು ಜನ ಬದುಕಿ, ಊರಿಗೂ ಕಳಿಸುವುದು ಆಗದ ಮಾತೆಂದು ಇಬ್ಬರಿಗೂ ತಿಳಿದಿತ್ತು. ಸೋಮವಾರ ಅವನು ದರ ಇಳಿಸುವ ಅರ್ಜಿ ಬರೆದು ಬ್ಯಾಂಕಿಗೆ ಕೊಟ್ಟ. ಹಬ್ಬ ಕಳೆದ ಮೇಲೆ ನೋಡುತ್ತೇವೆ ಎಂದರು. ಬಾಕಿ ಬಿದ್ದದ್ದನ್ನು ಮುಚ್ಚಲು ಹಬ್ಬದ ರಜೆಯಲ್ಲಿ ಎರಡು ಪಟ್ಟು ಕೂಲಿಯ ಪಾಳಿಗೆ ಹೆಸರು ಬರೆಸಿ ಬಂದ.

ಬೋನಸ್ಸು ಬಂದ ಮಾರನೆಯ ದಿನ ವೆನಿಂಗಳ ಸಾಲಿನಲ್ಲಿ ಮೂವರು ಹೆಂಗಸರು ರಾಜೀನಾಮೆ ಕೊಟ್ಟರು. ವೆನಿಂಗ್ ಕೊಡಲಿಲ್ಲ. ಕಾಗದ ಎಲ್ಲಿ ಎಂದು ಗುನಾರ್ತೊ ಕೇಳಿದಾಗ, ಹರಿದುಹಾಕಿದೆ ಎಂದಳು, ಉಪ್ಪು ಮುಗಿದಿದೆ ಎನ್ನುವ ಹಾಗೆ. ಅಂದು ಸಂಜೆ ಅವನು ಎರಡು ಸಲ ಗಂಟಲು ಸರಿಮಾಡಿಕೊಂಡು, ಏಳನೆಯ ಬೋನಸ್ಸಿನ ಮಾತನ್ನು ಎಲ್ಲಿಂದ ಶುರು ಮಾಡುವುದೆಂದು ನೋಡುತ್ತಿದ್ದಾಗ, ಅವಳೇ ಕೈಚೀಲದಿಂದ ಬಸ್ಸಿನ ಟಿಕೆಟ್ಟುಗಳನ್ನು ತೆಗೆದು ಮೇಜಿನ ಮೇಲಿಟ್ಟಳು. ವೊನೊಗಿರಿಗೆ, ಹಬ್ಬಕ್ಕೆ ನಾಲ್ಕು ದಿನ ಮುಂಚೆ.

ಅವನು ಎಣಿಸಿದ. ಎಣಿಸುವುದೇ ಅವನ ಕೆಲಸ.

"ಎರಡೇ ಇದೆಯಲ್ಲ ದೇಕ್."

"ನಂಗೂ ಲಾರಸ್‌ಗೂ."

"ನಾನು?"

"ನಿಂಗೆ ಮನೆ ಇದೆಯಲ್ಲ ಮಾಸ್," ಎಂದಳು ವೆನಿಂಗ್. ಎದ್ದು, ಬೆವರಿನ ಸಮವಸ್ತ್ರವನ್ನು ನೆನೆಹಾಕಲು ಬಚ್ಚಲಿಗೆ ಹೋದಳು. ರಜೆ ಮುಗಿದ ದಿನ ಬೆಳಗಿನ ಪಾಳಿಗೆ ಅದು ಬೇಕಾಗಿತ್ತು.